ನೀಲಗಿರಿಯನ್ನೇರಿದ ದಂಡನಾಯಕ ಪುಣಿಸ

ನೀಲಗಿರಿ ಜಿಲ್ಲೆಯಲ್ಲಿ ಉದಕಮಂಡಲಕ್ಕೆ ಸಮೀಪವಾಗಿ ಸೋಲೂರು ಎಂಬ ಊರು ಇದೆ. ಸುತ್ತಲೂ ಚಹಾ ತೋಟಗಳು, ತರಕಾರಿ ಹೊಲಗಳು, ಹುಲ್ಲುಗಾವಲುಗಳು. ಹುಲ್ಲುಗಾವಲುಗಳ ನಡುವಿನ ತಗ್ಗುಗಳಲ್ಲಿ ಶೋಲಾ ಕಾಡುಗಳು. ಇಲ್ಲಿಂದ ಉತ್ತರದ ಕಡೆಗೆ ಹೋದರೆ ಬೆಟ್ಟವು ಗೋಡೆಯಂತೆ ಕೆಳಗಿಳಿಯುತ್ತದೆ. ಕೆಳಗೆ ಮಸಿನಗುಡಿ, ಮುದುಮಲೆಯ ಕಾಡು, ಮೋಯಾರ್ ನದಿಯ ಆಳವಾದ ಕಂದರ. ಅದರಾಚೆ ಕರ್ನಾಟಕದ ಬಂಡೀಪುರ, ಗುಂಡ್ಲುಪೇಟೆ, ಚಾಮರಾಜನಗರ.

ಚಾಮರಾಜನಗರದಲ್ಲಿ ಪಾರ್ಶ್ವನಾಥ ಬಸದಿ ಎಂಬ ಹಳೆಯ ಜೈನ ದೇವಾಲಯವೊಂದಿದೆ. ಅಲ್ಲಿ ಕ್ರಿ.ಶ. 1117ರ ಒಂದು ಶಿಲಾಶಾಸನವಿದೆ. ನಮ್ಮ ನೀಲಗಿರಿಯ ಹೆಸರು ಆ ಕಲ್ಲಿನಲ್ಲಿದೆ. ನೀಲಗಿರಿಯಲ್ಲಿ ಇಂದಿಗೂ ವಾಸಿಸುತ್ತಿರುವ ತೋಡರ ಹೆಸರೂ ಅದರಲ್ಲಿದೆ. ತೋಡರ ಹೆಸರು ಸಿಗುವ ಅತ್ಯಂತ ಹಳೆಯ ಬರಹ ಇದೇ ಎಂದು ಇತಿಹಾಸಕಾರರು ಹೇಳುತ್ತಾರೆ.

ಬಯಲಿನ ಊರಿನ ಕಲ್ಲಿನಲ್ಲಿ ಬೆಟ್ಟದ ಜನರ ಹೆಸರು ಬಂದುದು ಹೇಗೆ? ಅದಕ್ಕೆ ಕಾರಣನಾದವನು ಪುಣಿಸ ಎಂಬ ಸೇನಾಪತಿ. ಅವನ ಕಥೆಯನ್ನು ತಿಳಿಯೋಣ.

ಹೊಯ್ಸಳರ ಕಾಲ

ಪುಣಿಸನು ಹೊಯ್ಸಳ ಅರಸ ವಿಷ್ಣುವರ್ಧನನ ಸೇವೆಯಲ್ಲಿದ್ದವನು. ಹೊಯ್ಸಳರ ಹೆಸರನ್ನು ನೀವು ಕೇಳಿರಬಹುದು. ಹುಲಿಯೊಡನೆ ಹೋರಾಡುವ ಸಳನ ಶಿಲ್ಪವೇ ಅವರ ಲಾಂಛನ. ಅವರ ಮೂಲಸ್ಥಾನ ಮಲೆನಾಡಿನ ಸೊಸೆವೂರು. ಅದು ಇಂದಿನ ಚಿಕ್ಕಮಗಳೂರು ಜಿಲ್ಲೆಯ ಅಂಗಡಿ ಎಂಬ ಗ್ರಾಮ. ಹೊಯ್ಸಳ ಅರಸರು 'ಮಲೆಪರೊಳ್ಗಂಡ' ಎಂಬ ಬಿರುದನ್ನು ಇಟ್ಟುಕೊಂಡಿದ್ದರು. ಮಲೆ ಎಂದರೆ ಬೆಟ್ಟ. ಬೆಟ್ಟದ ಒಡೆಯರಲ್ಲೆಲ್ಲ ವೀರನು ಎಂಬುದು ಆ ಬಿರುದಿನ ಅರ್ಥ. ಬಯಲಿಗೆ ಇಳಿದು ದೊಡ್ಡ ರಾಜ್ಯವನ್ನು ಕಟ್ಟಿದ ಮೇಲೂ ತಾವು ಬೆಟ್ಟದಿಂದ ಬಂದವರು ಎಂಬುದನ್ನು ಅವರು ಮರೆಯಲಿಲ್ಲ.

ವಿಷ್ಣುವರ್ಧನನು ಹನ್ನೆರಡನೆಯ ಶತಮಾನದ ಆರಂಭದಲ್ಲಿ ಪಟ್ಟಕ್ಕೆ ಬಂದನು. ಆಗ ಹೊಯ್ಸಳರು ಸ್ವತಂತ್ರರಾಗಿರಲಿಲ್ಲ. ಕಲ್ಯಾಣದ ಚಾಲುಕ್ಯ ಚಕ್ರವರ್ತಿಗೆ ಅವರು ಸಾಮಂತರಾಗಿದ್ದರು. ದಕ್ಷಿಣದಲ್ಲಿ ಚೋಳರು ಬಲಿಷ್ಠರಾಗಿದ್ದರು. ಕಾವೇರಿ ತೀರದ ತಲಕಾಡು ಒಂದು ಕಾಲದಲ್ಲಿ ಗಂಗ ಅರಸರ ರಾಜಧಾನಿಯಾಗಿತ್ತು. ಅದನ್ನು ಚೋಳರು ಗೆದ್ದುಕೊಂಡು ನೂರು ವರ್ಷಗಳಿಗೂ ಹೆಚ್ಚು ಕಾಲ ಆಳಿದ್ದರು.

ಕ್ರಿ.ಶ. 1116ರಲ್ಲಿ ಹೊಯ್ಸಳರ ಸೇನೆಯು ತಲಕಾಡನ್ನು ಗೆದ್ದುಕೊಂಡಿತು. ಈ ವಿಜಯಕ್ಕೆ ಮುಖ್ಯ ಕಾರಣನಾದವನು ಗಂಗರಾಜ ಎಂಬ ದಂಡನಾಯಕ. ಅಂದಿನಿಂದ ವಿಷ್ಣುವರ್ಧನನಿಗೆ 'ತಲಕಾಡುಗೊಂಡ' ಎಂಬ ಬಿರುದು ಬಂತು. ಮರುವರ್ಷ, ಎಂದರೆ 1117ರಲ್ಲಿ, ಬೇಲೂರಿನಲ್ಲಿ ಚೆನ್ನಕೇಶವ ದೇವಾಲಯದ ಪ್ರತಿಷ್ಠೆಯಾಯಿತು. ಅದೇ ವರ್ಷದಲ್ಲಿ ಚಾಮರಾಜನಗರದ ಶಾಸನವೂ ಹುಟ್ಟಿತು. ದೂರದ ಕಾಂಬೋಡಿಯದಲ್ಲಿ ಅಂಕೋರ್ ವಾಟ್ ಎಂಬ ಮಹಾ ದೇವಾಲಯವನ್ನು ಕಟ್ಟಿಸಿದ ಎರಡನೆಯ ಸೂರ್ಯವರ್ಮನೂ ಇದೇ ಕಾಲದ ಅರಸನು.

ದಂಡನಾಯಕ ಎಂದರೆ ಯಾರು?

ದಂಡು ಎಂದರೆ ಸೇನೆ. ಸೇನೆಯ ಮುಂದಾಳು ದಂಡನಾಯಕ. ಜನರ ಮಾತಿನಲ್ಲಿ ಇದೇ ಪದ ದಣ್ಣಾಯಕ ಎಂದಾಯಿತು.

ಆ ಕಾಲದ ದಂಡನಾಯಕನು ಕೇವಲ ಯುದ್ಧ ಮಾಡುವವನಾಗಿರಲಿಲ್ಲ. ಅವನು ಅರಸನ ಮಂತ್ರಿಯೂ ಆಗಿರುತ್ತಿದ್ದನು. ಗೆದ್ದ ನಾಡಿನ ಆಡಳಿತವನ್ನು ನೋಡಿಕೊಳ್ಳುತ್ತಿದ್ದನು. ಕೆರೆ ಕಟ್ಟಿಸುವುದು, ಗುಡಿ ಕಟ್ಟಿಸುವುದು, ದಾನ ಕೊಡುವುದು ಕೂಡ ಅವನ ಕೆಲಸಗಳೇ ಆಗಿದ್ದವು.

ಪುಣಿಸನಿಗೆ 'ಸಂಧಿವಿಗ್ರಹಿ' ಎಂಬ ಪದವಿಯೂ ಇತ್ತು. ಇಲ್ಲಿ ವಿಗ್ರಹ ಎಂದರೆ ದೇವರ ಮೂರ್ತಿಯಲ್ಲ. ಸಂಧಿ ಎಂದರೆ ಒಪ್ಪಂದ, ವಿಗ್ರಹ ಎಂದರೆ ಯುದ್ಧ. ನೆರೆಯ ಅರಸರೊಡನೆ ಸ್ನೇಹ ಮಾಡಬೇಕೋ ಯುದ್ಧ ಮಾಡಬೇಕೋ ಎಂಬುದರಲ್ಲಿ ಅರಸನಿಗೆ ಸಲಹೆ ಕೊಡುವ ಮಂತ್ರಿಯೇ ಸಂಧಿವಿಗ್ರಹಿ. ಹೀಗಾಗಿ ಪುಣಿಸನಿಗೆ ಕತ್ತಿಯ ಬಲದೊಡನೆ ಮಾತಿನ ಜಾಣತನವೂ ಬೇಕಾಗಿತ್ತು.

ಅವನದು ರಾಜಸೇವೆಯ ಮನೆತನ. ಅವನ ತಾತನೂ ಮಂತ್ರಿಯಾಗಿದ್ದನು. ತಾತನ ಹೆಸರೂ ಪುಣಿಸನೇ. ಮೊಮ್ಮಗನಿಗೆ ತಾತನ ಹೆಸರನ್ನಿಡುವ ವಾಡಿಕೆ ನಮ್ಮ ಹಳ್ಳಿಗಳಲ್ಲಿ ಇಂದಿಗೂ ಇದೆಯಲ್ಲವೇ? ಈ ವಾಡಿಕೆ ಎಷ್ಟು ಹಳೆಯದು ನೋಡಿ! ಪುಣಿಸನು ಜೈನ ಧರ್ಮವನ್ನು ಅನುಸರಿಸುತ್ತಿದ್ದನು. ವಿಷ್ಣುವರ್ಧನನು ವಿಷ್ಣುವಿನ ಭಕ್ತನಾಗಿ ದೊಡ್ಡ ದೇವಾಲಯಗಳನ್ನು ಕಟ್ಟಿಸಿದನು. ಆದರೂ ಗಂಗರಾಜ, ಪುಣಿಸ ಮೊದಲಾದ ಅವನ ದೊಡ್ಡ ಸೇನಾಪತಿಗಳು ಜೈನರಾಗಿದ್ದರು. ಧರ್ಮ ಬೇರೆಯಾದರೂ ನಂಬಿಕೆಗೆ ಅಡ್ಡಿಯಾಗಿರಲಿಲ್ಲ.

ನೀಲಗಿರಿ ಏಕೆ ಬೇಕಾಗಿತ್ತು?

ಇಂದು ಜನರು ತಂಪು ಗಾಳಿಗಾಗಿ ನೀಲಗಿರಿಗೆ ಬರುತ್ತಾರೆ. ಒಂಬೈನೂರು ವರ್ಷಗಳ ಹಿಂದೆ ಒಬ್ಬ ಸೇನಾಪತಿಗೆ ಈ ಬೆಟ್ಟ ಏಕೆ ಬೇಕಾಯಿತು?

ಭೂಪಟವನ್ನು ತೆಗೆದು ನೋಡಿ. ನೀಲಗಿರಿಯ ಉತ್ತರಕ್ಕೆ ಮೈಸೂರಿನ ಬಯಲು ಇದೆ. ಅಂದು ಅದನ್ನು ಗಂಗವಾಡಿ ಎಂದು ಕರೆಯುತ್ತಿದ್ದರು. ಪೂರ್ವಕ್ಕೆ ಕೊಂಗುನಾಡು, ಎಂದರೆ ಇಂದಿನ ಕೊಯಮತ್ತೂರು, ಈರೋಡು ಕಡೆಯ ಪ್ರದೇಶ. ಪಶ್ಚಿಮಕ್ಕೆ ಕೇರಳ. ವಾಯವ್ಯಕ್ಕೆ ಬಯಲುನಾಡು; ಅದೇ ಇಂದಿನ ವಯನಾಡು. ಈ ನಾಲ್ಕು ನಾಡುಗಳ ನಡುವೆ ನೀಲಗಿರಿ ಒಂದು ದೊಡ್ಡ ಕೋಟೆಯಂತೆ ನಿಂತಿದೆ.

ತಲಕಾಡನ್ನು ಗೆದ್ದ ಮೇಲೆ ಹೊಯ್ಸಳರಿಗೆ ದಕ್ಷಿಣದ ಗಡಿಯನ್ನು ಕಾಯುವ ಚಿಂತೆ ಹುಟ್ಟಿತು. ಒಂದು ನಾಡಿನಿಂದ ಮತ್ತೊಂದು ನಾಡಿಗೆ ಹೋಗುವ ದಾರಿಗಳೆಲ್ಲ ಈ ಬೆಟ್ಟದ ಬುಡದಲ್ಲೇ ಹಾದುಹೋಗುತ್ತಿದ್ದವು. ಬೆಟ್ಟ ಯಾರ ಕೈಯಲ್ಲಿದೆಯೋ ದಾರಿಗಳೂ ಅವರ ಕೈಯಲ್ಲಿ. ಆದುದರಿಂದ ಗಂಗವಾಡಿಯನ್ನು ಉಳಿಸಿಕೊಳ್ಳಬೇಕಾದರೆ ನೀಲಗಿರಿಯ ಮೇಲೆ ಹಿಡಿತ ಬೇಕಾಗಿತ್ತು. ಆ ಕೆಲಸ ಪುಣಿಸನ ಪಾಲಿಗೆ ಬಂತು.

ಬೆಟ್ಟದ ದಾರಿ

ಇಂದು ಮಸಿನಗುಡಿಯಿಂದ ಕಲ್ಲಟ್ಟಿ ಘಾಟಿಯಲ್ಲಿ ಬಸ್ಸು ಹತ್ತಿದರೆ 36 ಕಡಿದಾದ ತಿರುವುಗಳನ್ನು ದಾಟಿ ಬೆಟ್ಟದ ಮೇಲೆ ತಲಪುತ್ತೇವೆ. ಟಾರು ರಸ್ತೆಯಿದ್ದರೂ ಆ ತಿರುವುಗಳಲ್ಲಿ ಎದೆ ಝಲ್ಲೆನ್ನುತ್ತದೆ. ಪುಣಿಸನ ಕಾಲದಲ್ಲಿ ಇಂತಹ ರಸ್ತೆ ಇರಲಿಲ್ಲ.

ಮೈಸೂರಿನ ಬಯಲಿನಿಂದ ಬರುವವರಿಗೆ ಮೊದಲು ಎದುರಾಗುವುದು ದಟ್ಟವಾದ ಕಾಡು. ಅಲ್ಲಿ ಆನೆ, ಹುಲಿ, ಕಾಟಿಗಳು ಇಂದಿಗೂ ಇವೆ. ಅದರಾಚೆ ಮೋಯಾರ್ ಕಂದರ. ಕಂದರದ ಎರಡು ದಡಗಳೂ ಕಡಿದಾಗಿವೆ. ಕುದುರೆಯಾಗಲಿ ಎತ್ತಿನ ಗಾಡಿಯಾಗಲಿ ಎಲ್ಲೆಂದರಲ್ಲಿ ದಾಟಲಾರದು. ಈ ಕಂದರಕ್ಕೆ ಬ್ರಿಟಿಷರು 'ಮೈಸೂರಿನ ಕಂದಕ' ಎಂದೇ ಹೆಸರಿಟ್ಟಿದ್ದರು. ಕೋಟೆಯ ಸುತ್ತ ತೋಡುವ ಕಂದಕದಂತೆ ಅದು ಬೆಟ್ಟವನ್ನು ಕಾಯುತ್ತದೆ.

ಕಂದರವನ್ನು ದಾಟಿದ ಮೇಲೆ ಏರು. ಬೆಟ್ಟದ ಬುಡವು ಸಮುದ್ರಮಟ್ಟದಿಂದ ಸುಮಾರು 1,000 ಮೀಟರ್ ಎತ್ತರದಲ್ಲಿದೆ. ಉದಕಮಂಡಲವು ಸುಮಾರು 2,240 ಮೀಟರ್ ಎತ್ತರದಲ್ಲಿದೆ. ಅತ್ಯಂತ ಎತ್ತರವಾದ ದೊಡ್ಡಬೆಟ್ಟದ ತುದಿ 2,637 ಮೀಟರ್. ಬಯಲಿನ ಬಿಸಿಲಿಗೆ ಒಗ್ಗಿದ ಸೈನಿಕರು ಮಂಜು, ಮಳೆ, ಚಳಿಗಳಲ್ಲಿ ಅಕ್ಕಿಮೂಟೆ, ಆಯುಧಗಳನ್ನು ಹೊತ್ತು ಏರಬೇಕು. ಬೆಟ್ಟದ ಚಳಿ ಎಂತಹುದೆಂದು ನೀಲಗಿರಿಯ ಮಕ್ಕಳಿಗೆ ಯಾರೂ ಹೇಳಿಕೊಡಬೇಕಾಗಿಲ್ಲ.

ಶಾಸನ ಏನು ಹೇಳುತ್ತದೆ?

ಪುಣಿಸನ ಸಾಹಸಗಳನ್ನು ಶಾಸನವು ವಿಸ್ತಾರವಾಗಿ ಹೊಗಳುತ್ತದೆ. ಅದರ ಸಾರಾಂಶವನ್ನು ನಮ್ಮ ಮಾತಿನಲ್ಲಿ ಹೀಗೆ ಹೇಳಬಹುದು: ಅವನು ತೋಡರನ್ನು ಬೆದರಿಸಿದನು. ಕೊಂಗರು ಅವನಿಗೆ ಹೆದರಿ ಅಡಗಿಕೊಂಡರು. ಪೊಲುವರನ್ನೂ ಮಲೆಯಾಳರನ್ನೂ ಅವನು ಕೊಂದನು. ಕಾಳ ಎಂಬ ಅರಸನನ್ನು ನಡುಗಿಸಿದನು. ಕೊನೆಗೆ ನೀಲಗಿರಿಯನ್ನು ಹೊಕ್ಕು ಅದರ ಶಿಖರವನ್ನು ವಿಜಯಲಕ್ಷ್ಮಿಗೆ ಅರ್ಪಿಸಿದನು.

ಅವನ ದಂಡಯಾತ್ರೆ ಅಲ್ಲಿಗೆ ನಿಲ್ಲಲಿಲ್ಲ. ಅರಸನ ಅಪ್ಪಣೆಯಾದ ಕೂಡಲೇ ನೀಲಗಿರಿಯನ್ನು ಹಿಡಿದು, ಮಲೆಯಾಳರನ್ನು ಬೆನ್ನಟ್ಟಿ, ಕೇರಳದ ಒಡೆಯನಾಗಿ, ಬಳಿಕ ಬಯಲುನಾಡಿನಲ್ಲಿ ಕಾಣಿಸಿಕೊಂಡನು ಎಂದೂ ಶಾಸನವು ಹೇಳುತ್ತದೆ. ಭೂಪಟದಲ್ಲಿ ಬೆರಳಿಟ್ಟು ನೋಡಿದರೆ ನೀಲಗಿರಿ, ಅದರ ಪಶ್ಚಿಮದ ನಾಡು, ವಯನಾಡು ಎಂದು ಬೆಟ್ಟಸಾಲನ್ನು ಬಳಸಿಕೊಂಡು ಹೋದ ಒಂದು ದಾರಿ ನಮಗೆ ಕಾಣುತ್ತದೆ.

ಕೈಬಿಚ್ಚಿ ಕೊಟ್ಟವನು

ಅದೇ ಶಾಸನವು ಪುಣಿಸನ ಇನ್ನೊಂದು ಗುಣವನ್ನೂ ಹೇಳುತ್ತದೆ. ಗಂಟು ಕಳೆದುಕೊಂಡು ಕೆಟ್ಟ ವ್ಯಾಪಾರಿ, ಬಿತ್ತುವುದಕ್ಕೆ ಬೀಜವಿಲ್ಲದ ರೈತ, ಅಧಿಕಾರ ಕಳೆದುಕೊಂಡ ಬೇಡರ ನಾಯಕ, ಬದುಕು ಕೆಟ್ಟು ನೆಲೆಯಿಲ್ಲದಾದ ಸೇವಕ – ಇಂತಹವರಿಗೆ ಅವರು ಕಳೆದುಕೊಂಡುದನ್ನು ಕೊಟ್ಟು ಅವನು ಕಾಪಾಡಿದನಂತೆ.

ಈ ಪಟ್ಟಿಯನ್ನು ನಿಧಾನವಾಗಿ ಯೋಚಿಸಿ. ಬೀಜವಿಲ್ಲದ ರೈತನಿಗೆ ಒಂದು ಹೊತ್ತಿನ ಊಟ ಕೊಟ್ಟರೆ ಅಂದಿನ ಹಸಿವು ಮಾತ್ರ ಹೋಗುತ್ತದೆ. ಬೀಜ ಕೊಟ್ಟರೆ ಅವನು ಮತ್ತೆ ರೈತನಾಗುತ್ತಾನೆ. ವ್ಯಾಪಾರಿಗೆ ಬಂಡವಾಳ ಕೊಟ್ಟರೆ ಅವನು ಮತ್ತೆ ಸಂತೆಗೆ ಹೋಗುತ್ತಾನೆ. ಬಿದ್ದವನು ತನ್ನ ಕಾಲ ಮೇಲೆ ತಾನೇ ನಿಲ್ಲುವಂತೆ ಮಾಡುವುದು ದೊಡ್ಡ ಸಹಾಯ. ಯುದ್ಧ ನಡೆದ ನಾಡಿನಲ್ಲಿ ಇಂತಹ ಸಹಾಯ ಬೇಕಾದವರು ಬಹಳ ಮಂದಿ ಇರುತ್ತಾರೆ. ನಾಡನ್ನು ಗೆಲ್ಲುವುದಕ್ಕೆ ಸೇನೆ ಸಾಕು. ಗೆದ್ದ ನಾಡನ್ನು ಉಳಿಸಿಕೊಳ್ಳುವುದಕ್ಕೆ ರೈತನ ಹೊಲವೂ ವ್ಯಾಪಾರಿಯ ಅಂಗಡಿಯೂ ನಡೆಯಬೇಕು. ಸಂಧಿವಿಗ್ರಹಿಯಾದ ಪುಣಿಸನಿಗೆ ಇದು ತಿಳಿದಿತ್ತು ಎನ್ನಬಹುದು.

ಪುಣಿಸನು ಗಂಗವಾಡಿಯ ಬಸದಿಗಳನ್ನು ಜೀರ್ಣೋದ್ಧಾರ ಮಾಡಿ ಅಂದಗೊಳಿಸಿದನು. ಚಾಮರಾಜನಗರದಲ್ಲಿ ತಾನೇ ಬಸದಿಯನ್ನು ಕಟ್ಟಿಸಿದನು. ಅವನ ಪತ್ನಿ ಜಕ್ಕಿಯಬ್ಬೆಯೂ ಕಲ್ಲಿನ ಬಸದಿಯೊಂದನ್ನು ಕಟ್ಟಿಸಿದಳು. ಅದು ಇಂದಿನ ಮಂಡ್ಯ ಜಿಲ್ಲೆಯ ಕೃಷ್ಣರಾಜಪೇಟೆಯ ಕಡೆಯಲ್ಲಿದೆ.

ಶಾಸನವನ್ನು ಓದುವುದು ಹೇಗೆ?

ಮಕ್ಕಳೇ, ಕಲ್ಲಿನ ಮೇಲೆ ಬರೆದುದೆಲ್ಲ ಅಕ್ಷರಶಃ ನಿಜವೇ? ಇದು ಯೋಚಿಸಬೇಕಾದ ಪ್ರಶ್ನೆ.

ಪುಣಿಸನ ಶಾಸನವು ಪುಣಿಸನನ್ನು ಹೊಗಳುವುದಕ್ಕಾಗಿ ಬರೆಸಿದುದು. ಕವಿಯ ಕೆಲಸ ತನ್ನ ಒಡೆಯನನ್ನು ಹೊಗಳುವುದು. ಆದುದರಿಂದ ಶತ್ರುಗಳೆಲ್ಲ ನಡುಗಿದರು, ಓಡಿದರು, ಅಡಗಿದರು ಎಂದು ಬರೆದರು. ಅದೇ ಕಾಲದ ಬೇರೆ ಅರಸರ, ಸೇನಾಪತಿಗಳ ಶಾಸನಗಳಲ್ಲಿಯೂ ಇಂತಹ ಮಾತುಗಳೇ ಇವೆ. ಎಲ್ಲರೂ ಗೆದ್ದವರೇ ಆದರೆ ಸೋತವರು ಯಾರು?

ಹಾಗೆಂದು ಶಾಸನವನ್ನು ಸುಳ್ಳೆಂದು ತಳ್ಳಿಬಿಡುವಂತಿಲ್ಲ. ಅದರಿಂದ ನಾವು ನಂಬಬಹುದಾದ ಹಲವು ವಿಷಯಗಳು ತಿಳಿಯುತ್ತವೆ. 1117ರ ಹೊತ್ತಿಗೆ ತೋಡರು ಈ ಬೆಟ್ಟದವರೆಂದು ಬಯಲಿನವರಿಗೆ ಗೊತ್ತಿತ್ತು. ಈ ಬೆಟ್ಟಕ್ಕೆ ಆಗಲೇ ನೀಲ ಎಂಬ ಹೆಸರಿತ್ತು. ಕೊಂಗುನಾಡು, ಕೇರಳ, ಬಯಲುನಾಡುಗಳೊಡನೆ ಹೊಯ್ಸಳರಿಗೆ ಹೋರಾಟವಿತ್ತು. ಹೊಗಳಿಕೆಯ ಹೊಟ್ಟನ್ನು ತೂರಿದ ಮೇಲೆ ಉಳಿಯುವ ಕಾಳುಗಳು ಇವು. ರೈತರು ಕಣದಲ್ಲಿ ಮಾಡುವ ಕೆಲಸವನ್ನೇ ಇತಿಹಾಸಕಾರರು ಶಾಸನಗಳಲ್ಲಿ ಮಾಡುತ್ತಾರೆ.

ಬೆದರಿದವರು ಯಾರು?

ಈಗ ಆ ಕಲ್ಲಿನ ಇನ್ನೊಂದು ಬದಿಯಿಂದ ನೋಡೋಣ. ತೋಡರನ್ನು ಬೆದರಿಸಿದೆವು ಎಂದು ದಂಡಿನವರು ಬರೆದರು. ತೋಡರಿಗೆ ಲಿಪಿ ಇರಲಿಲ್ಲ. ಅವರು ತಮ್ಮ ಮಾತನ್ನು ಕಲ್ಲಿನಲ್ಲಿ ಬರೆಸಲಿಲ್ಲ.

ತೋಡರು ಎಮ್ಮೆ ಸಾಕುವ ಜನರು. ಅವರ ಊರಿಗೆ ಮಂದು ಎಂದು ಹೆಸರು. ಕಮಾನಿನಂತೆ ಬಾಗಿದ ಹುಲ್ಲಿನ ಮಾಡಿನ ಮನೆಗಳು, ಕುಳ್ಳಗಿನ ಬಾಗಿಲು. ಅವರ ಪವಿತ್ರ ಹಾಲುಮನೆಗಳೇ ಅವರ ದೇವಾಲಯಗಳು. ಎಮ್ಮೆಯ ಹಾಲು ಕರೆಯುವುದು, ಬೆಣ್ಣೆ ತೆಗೆಯುವುದು ಅವರಿಗೆ ದೇವರ ಪೂಜೆಯಷ್ಟೇ ಶ್ರೇಷ್ಠ. ಅವರಲ್ಲಿ ಬಿಲ್ಲುಬಾಣವಿದೆ, ಆದರೆ ಅದು ಯುದ್ಧಕ್ಕಲ್ಲ. ತುಂಬು ಬಸುರಿಗೆ ಗಂಡನು ಪುಟ್ಟ ಬಿಲ್ಲುಬಾಣವನ್ನು ಕೊಡುವ ಒಂದು ಶಾಸ್ತ್ರವಿದೆ. ಅದರಿಂದ ಹುಟ್ಟುವ ಮಗುವಿಗೆ ತಂದೆ ಯಾರೆಂದು ಎಲ್ಲರಿಗೂ ತಿಳಿಯುತ್ತದೆ.

ಕೋಟೆಯನ್ನಾಗಲಿ ಸೇನೆಯನ್ನಾಗಲಿ ಕಟ್ಟಿದವರಲ್ಲ ತೋಡರು. ಎಮ್ಮೆಗಳನ್ನು ಮೇಯಿಸಿಕೊಂಡಿದ್ದ ಜನರ ಮುಂದೆ ಒಂದು ದಿನ ಕತ್ತಿ, ಗುರಾಣಿ, ಕಹಳೆಗಳೊಡನೆ ದಂಡು ಬಂದು ನಿಂತರೆ ಅವರಿಗೆ ಹೇಗಾಗಿರಬಹುದು? ಬೆದರುವುದು ಸಹಜವೇ. ಬೆದರಿಸಿದುದು ದೊಡ್ಡ ಶೌರ್ಯವೇ ಎಂಬುದು ಬೇರೆ ಪ್ರಶ್ನೆ. ಇದನ್ನು ನೀವು ತರಗತಿಯಲ್ಲಿ ಚರ್ಚಿಸಿ.

ದಂಡು ಬಂದಂತೆಯೇ ಇಳಿದು ಹೋಯಿತು. ತೋಡರು ಬೆಟ್ಟದಲ್ಲೇ ಉಳಿದರು. ಕೋತರು ಮಡಕೆ, ಕಬ್ಬಿಣದ ಸಾಮಾನುಗಳನ್ನು ಮಾಡಿಕೊಟ್ಟರು. ಕುರುಂಬರು ಕಾಡಿನ ವಸ್ತುಗಳನ್ನು ತಂದರು. ತೋಡರು ಹಾಲು, ತುಪ್ಪಗಳನ್ನು ಕೊಟ್ಟರು. ಬಳಿಕ ಮೈಸೂರಿನ ಕಡೆಯಿಂದ ಬಡಗರು ಬಂದು ಬೇಸಾಯ ಮಾಡಿ ಧಾನ್ಯ ಕೊಟ್ಟರು. ಬಡಗು ಎಂದರೆ ಉತ್ತರ ದಿಕ್ಕು. ಉತ್ತರದಿಂದ ಬಂದುದರಿಂದ ಅವರು ಬಡಗರಾದರು. ಅವರ ನುಡಿಗೂ ಕನ್ನಡಕ್ಕೂ ಹತ್ತಿರದ ನಂಟಿದೆ. ಯಾರ ಹೊಲದ ಫಸಲಾಗಲಿ, ಯಾರ ಕುಲುಮೆಯ ಕತ್ತಿಯಾಗಲಿ, ಯಾರ ಎಮ್ಮೆಯ ತುಪ್ಪವಾಗಲಿ ಬೆಟ್ಟದವರೆಲ್ಲರಿಗೂ ಹಂಚಿಕೆಯಾಗುತ್ತಿತ್ತು.

ಬಡಗರು ನೀಲಗಿರಿಯನ್ನು ನಾಲ್ಕು ಸೀಮೆಗಳಾಗಿ ಎಣಿಸುತ್ತಾರೆ. ಅವುಗಳಲ್ಲಿ ಒಂದರ ಹೆಸರು ತೊದನಾಡು, ಎಂದರೆ ತೋಡರ ನಾಡು. ಸೋಲೂರು ಇರುವುದು ಆ ಸೀಮೆಯಲ್ಲೇ. ದಂಡು ಬೆದರಿಸಿದ ಜನರ ಹೆಸರು ಒಂದು ಸೀಮೆಗೇ ಹೆಸರಾಗಿ ಉಳಿದಿದೆ. 2011ರ ಜನಗಣತಿಯಲ್ಲಿ ತೋಡರ ಸಂಖ್ಯೆ ಸುಮಾರು 2,000. ಬಿಳಿಯ ಬಟ್ಟೆಯ ಮೇಲೆ ಕೆಂಪು, ಕಪ್ಪು ನೂಲುಗಳಿಂದ ತೋಡ ಹೆಂಗಸರು ಹಾಕುವ ಕಸೂತಿಗೆ 2013ರಲ್ಲಿ ಭೌಗೋಳಿಕ ಗುರುತು ಎಂಬ ಮಾನ್ಯತೆ ದೊರೆಯಿತು. ಅವರು ತಮ್ಮ ಇತಿಹಾಸವನ್ನು ಹಾಡುಗಳಲ್ಲಿ ಉಳಿಸಿಕೊಂಡಿದ್ದಾರೆ. ಎಮೆನೊ ಎಂಬ ಭಾಷಾವಿದ್ವಾಂಸರು ಆ ಹಾಡುಗಳನ್ನು ಸಂಗ್ರಹಿಸಿ 1971ರಲ್ಲಿ ದೊಡ್ಡ ಪುಸ್ತಕವಾಗಿ ಪ್ರಕಟಿಸಿದರು.

ನೀರಿನಲ್ಲಿ ಮುಳುಗಿದ ಕೋಟೆ

ಪುಣಿಸನ ಬಳಿಕವೂ ಹೊಯ್ಸಳರು ನೀಲಗಿರಿಯನ್ನು ಬಿಡಲಿಲ್ಲ. ಸುಮಾರು ಇನ್ನೂರು ವರ್ಷಗಳ ನಂತರ, ಮೂರನೆಯ ವೀರಬಲ್ಲಾಳನ ಕಾಲದಲ್ಲಿ, ಮಾಧವ ದಂಡನಾಯಕ ಎಂಬುವನು ಈ ಪ್ರದೇಶವನ್ನು ಆಳುತ್ತಿದ್ದನು. ಗುಂಡ್ಲುಪೇಟೆಯ ಬಳಿಯ ತೆರಕಣಾಂಬಿ ಅವನ ಮುಖ್ಯ ಸ್ಥಳ. ಹಿಮವದ್ ಗೋಪಾಲಸ್ವಾಮಿ ಬೆಟ್ಟದ ದೇವಾಲಯ 1315ರ ಸುಮಾರಿಗೆ ಕಟ್ಟಿಸಿದುದು ಎನ್ನುತ್ತಾರೆ. ನೀಲಗಿರಿಯನ್ನು ಗೆದ್ದವನು ಎಂಬುದು ಆ ಮನೆತನದ ಹೆಮ್ಮೆಯ ಬಿರುದಾಗಿತ್ತು.

ಬೆಟ್ಟದ ಪೂರ್ವದ ಬುಡದಲ್ಲಿ, ಮೋಯಾರ್ ಮತ್ತು ಭವಾನಿ ನದಿಗಳು ಕೂಡುವ ಕಡೆ ಒಂದು ಕೋಟೆಯಿತ್ತು. ಅದರ ಹೆಸರು ದಣ್ಣಾಯಕನ ಕೋಟೆ. 1955ರಲ್ಲಿ ಭವಾನಿಸಾಗರ ಅಣೆಕಟ್ಟು ಮುಗಿದಾಗ ಆ ಕೋಟೆ ಜಲಾಶಯದ ನೀರಿನಲ್ಲಿ ಮುಳುಗಿತು. ಮಳೆ ಕಡಿಮೆಯಾಗಿ ನೀರು ಬಹಳ ಇಳಿದ ವರ್ಷಗಳಲ್ಲಿ ಅಲ್ಲಿಯ ಹಳೆಯ ಮಾಧವರಾಯ ದೇವಾಲಯ ನೀರಿನಿಂದ ಮೇಲೆ ಕಾಣಿಸುತ್ತದೆ. ಆಗ ಸುತ್ತಲಿನ ಊರುಗಳವರು ನೋಡಲು ಹೋಗುತ್ತಾರೆ. ಸೋಲೂರಿನ ಕೆಳಗಿನ ಕಾಡಿನಲ್ಲಿ ಹರಿಯುವ ಮೋಯಾರ್ ನದಿಯೇ ಮುಂದೆ ಹೋಗಿ ಆ ಕೋಟೆಯನ್ನು ಮುಚ್ಚಿದೆ.

ಕಲ್ಲು ಉಳಿದುದು ಹೇಗೆ?

ಹದಿನಾಲ್ಕನೆಯ ಶತಮಾನದ ನಡುವಿನಲ್ಲಿ ಹೊಯ್ಸಳ ರಾಜ್ಯವೇ ಮುಗಿಯಿತು. ಚಾಮರಾಜನಗರಕ್ಕೆ ಹಿಂದೆ ಅರಿಕುಠಾರ ಎಂಬ ಹೆಸರಿತ್ತು. ಮುಮ್ಮಡಿ ಕೃಷ್ಣರಾಜ ಒಡೆಯರು 1818ರಲ್ಲಿ ತಮ್ಮ ತಂದೆ ಚಾಮರಾಜ ಒಡೆಯರ ನೆನಪಿಗಾಗಿ ಈಗಿನ ಹೆಸರನ್ನಿಟ್ಟರು. ಊರಿನ ಹೆಸರು ಬದಲಾದರೂ ಬಸದಿಯ ಕಲ್ಲು ಹಾಗೆಯೇ ನಿಂತಿತ್ತು. ಆದರೆ ಅದನ್ನು ಓದಬಲ್ಲವರು ಕಡಿಮೆಯಾಗಿದ್ದರು.

1819ರಲ್ಲಿ ಕೊಯಮತ್ತೂರಿನ ಕಲೆಕ್ಟರ್ ಜಾನ್ ಸಲಿವನ್ ನೀಲಗಿರಿಯನ್ನು ಹತ್ತಿದನು. ಇಂಗ್ಲಿಷರು ನೀಲಗಿರಿಯನ್ನು ಕಂಡುಹಿಡಿದರು ಎಂದು ಕೆಲವು ಪುಸ್ತಕಗಳಲ್ಲಿ ಬರೆದಿರುವುದುಂಟು. ಆದರೆ ಅದಕ್ಕೆ ಏಳುನೂರು ವರ್ಷಗಳ ಹಿಂದೆಯೇ ಚಾಮರಾಜನಗರದ ಕಲ್ಲಿನಲ್ಲಿ ಈ ಬೆಟ್ಟದ ಹೆಸರಿತ್ತು. ಅದಕ್ಕೂ ಮೊದಲೇ ತೋಡರ ಎಮ್ಮೆಗಳು ಇಲ್ಲಿ ಮೇಯುತ್ತಿದ್ದವು. ಜನರು ಬಾಳುತ್ತಿದ್ದ ಬೆಟ್ಟವನ್ನು ಹೊಸದಾಗಿ ಕಂಡುಹಿಡಿಯುವುದು ಹೇಗೆ ಸಾಧ್ಯ?

ಆ ಕಲ್ಲಿನ ಮಾತನ್ನು ಮತ್ತೆ ಲೋಕಕ್ಕೆ ತಿಳಿಸಿದವರು ಬಿ.ಎಲ್. ರೈಸ್. ಅವರು 1837ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದರು. ಮೊದಲು ಶಾಲೆಯ ಮುಖ್ಯೋಪಾಧ್ಯಾಯರಾಗಿದ್ದರು. ಮೈಸೂರು ಸಂಸ್ಥಾನದ ಹಳ್ಳಿಹಳ್ಳಿಗಳ ಸುಮಾರು 9,000 ಶಾಸನಗಳನ್ನು ಸಂಗ್ರಹಿಸಿ, 'ಎಪಿಗ್ರಾಫಿಯಾ ಕರ್ನಾಟಿಕಾ' ಎಂಬ ಸಂಪುಟಗಳಲ್ಲಿ ಪ್ರಕಟಿಸಿದರು. ನಾಲ್ಕನೆಯ ಸಂಪುಟದಲ್ಲಿ ಪುಣಿಸನ ಶಾಸನವಿದೆ. ಹೊಲದ ಬದುವಿನಲ್ಲಿ, ಕೆರೆಯ ಏರಿಯಲ್ಲಿ, ಬಟ್ಟೆ ಒಗೆಯುವ ಕಡೆಯಲ್ಲಿ ಬಿದ್ದಿದ್ದ ಎಷ್ಟೋ ಕಲ್ಲುಗಳು ಹೀಗೆ ಬಾಯಿ ತೆರೆದು ಮಾತನಾಡಿದವು.

ಒಂದು ಕಲ್ಲು ಒಡೆದರೆ ಒಂದು ಪುಸ್ತಕ ಸುಟ್ಟಂತೆ. ನಿಮ್ಮ ಊರಿನ ಹೊಲದಲ್ಲೋ ಗುಡಿಯ ಹಿಂದೆಯೋ ಅಕ್ಷರಗಳಿರುವ ಕಲ್ಲು ಕಂಡರೆ ಅದರ ಮೇಲೆ ಸುಣ್ಣ ಬಳಿಯಬೇಡಿ, ಹೆಸರು ಕೆತ್ತಬೇಡಿ, ಎತ್ತಿ ಮೆಟ್ಟಿಲಿಗೆ ಹಾಕಲು ಬಿಡಬೇಡಿ. ನಿಮ್ಮ ಉಪಾಧ್ಯಾಯರಿಗೆ ತಿಳಿಸಿ. ಹಾಗೆಯೇ ನಿಮ್ಮ ಊರಿನ ಅಜ್ಜಿ, ತಾತಂದಿರು ಹೇಳುವ ಕಥೆಗಳನ್ನೂ ಹಾಡುಗಳನ್ನೂ ಕೇಳಿ ಬರೆದಿಡಿ. ಪುಣಿಸನಿಗೆ ಕಲ್ಲು ಸಿಕ್ಕಿತು. ಕಲ್ಲು ಸಿಗದವರ ಮಾತು ಅವರ ಬಾಯಲ್ಲೇ ಉಳಿದಿರುತ್ತದೆ. ಎರಡನ್ನೂ ಕೇಳಿದವನಿಗೆ ಮಾತ್ರ ಇತಿಹಾಸ ಪೂರ್ತಿಯಾಗಿ ತಿಳಿಯುತ್ತದೆ.

ಪದಗಳ ಅರ್ಥ

ಬಸದಿ – ಜೈನ ದೇವಾಲಯ
ಲಾಂಛನ – ಗುರುತು, ಚಿಹ್ನೆ
ಸಾಮಂತ – ದೊಡ್ಡ ಅರಸನಿಗೆ ಅಧೀನನಾದ ಅರಸ
ಕಂದರ – ಎರಡು ಬೆಟ್ಟಗಳ ನಡುವಿನ ಆಳವಾದ ಕಣಿವೆ
ಕಂದಕ – ಕೋಟೆಯ ಸುತ್ತಲಿನ ಆಳವಾದ ಅಗಳು
ದಂಡಯಾತ್ರೆ – ಸೇನೆಯೊಡನೆ ಯುದ್ಧಕ್ಕೆ ಹೋಗುವುದು
ಜೀರ್ಣೋದ್ಧಾರ – ಹಳೆಯದಾಗಿ ಕೆಟ್ಟುದನ್ನು ಸರಿಪಡಿಸುವುದು
ಕುಲುಮೆ – ಕಬ್ಬಿಣವನ್ನು ಕಾಯಿಸುವ ಒಲೆ

ಅಭ್ಯಾಸ

I. ಈ ಪ್ರಶ್ನೆಗಳಿಗೆ ಒಂದು ವಾಕ್ಯದಲ್ಲಿ ಉತ್ತರಿಸಿ.
1. ಪುಣಿಸನು ಯಾವ ಅರಸನ ದಂಡನಾಯಕನಾಗಿದ್ದನು?
2. ಸಂಧಿವಿಗ್ರಹಿ ಎಂದರೆ ಯಾರು?
3. ಚಾಮರಾಜನಗರದ ಹಳೆಯ ಹೆಸರೇನು?
4. ದಣ್ಣಾಯಕನ ಕೋಟೆ ಈಗ ಎಲ್ಲಿದೆ?

II. ಈ ಪ್ರಶ್ನೆಗಳಿಗೆ ನಾಲ್ಕೈದು ವಾಕ್ಯಗಳಲ್ಲಿ ಉತ್ತರಿಸಿ.
1. ಹೊಯ್ಸಳರಿಗೆ ನೀಲಗಿರಿಯ ಮೇಲೆ ಹಿಡಿತ ಏಕೆ ಬೇಕಾಗಿತ್ತು?
2. ಪುಣಿಸನು ಯಾರು ಯಾರಿಗೆ ಸಹಾಯ ಮಾಡಿದನು? ಆ ಸಹಾಯದ ವಿಶೇಷವೇನು?
3. ಶಾಸನದ ಹೊಗಳಿಕೆಯಲ್ಲಿ ನಾವು ನಂಬಬಹುದಾದ ವಿಷಯಗಳು ಯಾವುವು?

III. ಬಿಟ್ಟ ಸ್ಥಳಗಳನ್ನು ತುಂಬಿರಿ.
1. ತಲಕಾಡನ್ನು ಹೊಯ್ಸಳರು ಕ್ರಿ.ಶ. ______ ರಲ್ಲಿ ಗೆದ್ದರು.
2. ತೋಡರ ಊರಿಗೆ ______ ಎಂದು ಹೆಸರು.
3. ಬಡಗು ಎಂದರೆ ______ ದಿಕ್ಕು.

IV. ಚಟುವಟಿಕೆ
1. ಭೂಪಟದಲ್ಲಿ ತಲಕಾಡು, ಚಾಮರಾಜನಗರ, ನೀಲಗಿರಿ, ವಯನಾಡುಗಳನ್ನು ಗುರುತಿಸಿ.
2. ದಂಡು ಬೆಟ್ಟವನ್ನೇರಿದ ದಿನವನ್ನು ಕಂಡ ಒಬ್ಬ ತೋಡ ಹುಡುಗನೋ ಹುಡುಗಿಯೋ ಮನೆಗೆ ಬಂದು ಏನು ಹೇಳಿರಬಹುದು? ನಿಮ್ಮ ಮಾತಿನಲ್ಲಿ ಬರೆಯಿರಿ.